ಕಲ್ಲಿನ ಅಕ್ಷರ ಮರಕ್ಕೆ ಇಳಿಯುವಾಗ: ಸಿಎನ್‌ಸಿ ಯಂತ್ರದಲ್ಲಿ ಶಾಸನದ ಪ್ರತಿಕೃತಿ

ನಮ್ಮ ಹಳೆಯ ಶಾಸನಗಳ ಕೊನೆಯ ಸಾಲುಗಳನ್ನು ಗಮನಿಸಿದವರಿಗೆ ಒಂದು ವಿಷಯ ಗೊತ್ತಿರುತ್ತದೆ. ಎಷ್ಟೋ ಕಡೆ ಪಾಠ ರಚಿಸಿದವನು ಒಬ್ಬ, ಕಲ್ಲಿನ ಮೇಲೆ ಅಕ್ಷರ ಬರೆದವನು ಇನ್ನೊಬ್ಬ, ಉಳಿ ಹಿಡಿದು ಕಂಡರಿಸಿದವನು ಮತ್ತೊಬ್ಬ. ಕವಿ, ಲೇಖಕ, ರೂವಾರಿ ಎಂದು ಮೂರು ಕೈಗಳು. ಒಬ್ಬನೇ ಎರಡು ಕೆಲಸ ಮಾಡಿರುವುದೂ ಉಂಟು. ಶಾಸನ ಓದುವವರಿಗೆ ಇದು ಬರೀ ಕುತೂಹಲದ ಸಂಗತಿ ಅಲ್ಲ. ಒಂದು ಅಕ್ಷರ ತಪ್ಪಿದ್ದರೆ ಅದು ಬರೆದವನ ಕೈತಪ್ಪೋ, ಕೆತ್ತಿದವನ ಕೈತಪ್ಪೋ ಅನ್ನೋದರ ಮೇಲೆ ನಾವು ಅದನ್ನು ತಿದ್ದಿ ಓದುವ ರೀತಿಯೇ ಬದಲಾಗುತ್ತದೆ.

ಅಂಥದೊಂದು ಕಲ್ಲನ್ನು ಇವತ್ತು ಸಿಎನ್‌ಸಿ ಯಂತ್ರದಲ್ಲಿ, ಅಂದರೆ ಕಂಪ್ಯೂಟರ್ ಕೊಡುವ ಅಂಕಿಗಳ ಪ್ರಕಾರ ಕೊರೆಯುವ ಯಂತ್ರದಲ್ಲಿ, ಮರದ ಮೇಲೆ ಕೆತ್ತಿಸುವಾಗಲೂ ಮೂರು ಹಂತಗಳಿವೆ. ಮೊದಲು ಕಲ್ಲಿನ ಮೂರು ಆಯಾಮದ ಮಾದರಿ. ಆಮೇಲೆ ಆ ಮಾದರಿಯ ಮೇಲೆ ಉಳಿ ಯಾವ ದಾರಿಯಲ್ಲಿ ಓಡಬೇಕು ಎಂಬ ಲೆಕ್ಕ. ಇದಕ್ಕೆ ಟೂಲ್‌ಪಾತ್ ಅನ್ನುತ್ತಾರೆ. ಕೊನೆಗೆ ನಿಜವಾದ ಕೆತ್ತನೆ. ಮೂರರಲ್ಲಿ ಪ್ರತಿಯೊಂದೂ ಅಕ್ಷರವನ್ನು ಸ್ವಲ್ಪ ಬದಲಾಯಿಸುತ್ತದೆ. ಎಲ್ಲಿ, ಎಷ್ಟು, ಯಾಕೆ ಬದಲಾಗುತ್ತದೆ ಅನ್ನೋದನ್ನು ತಿಳಿಸುವುದೇ ಈ ಲೇಖನದ ಉದ್ದೇಶ. ಉದಾಹರಣೆಗೆ ನಾನು ಕಳೆದ ವರ್ಷ ಮಾಡಿಸಿದ ಒಂದು ವೀರಗಲ್ಲಿನ ಬರವಣಿಗೆಯ ಪಟ್ಟಿಯನ್ನು ತೆಗೆದುಕೊಳ್ಳುತ್ತೇನೆ. ಅದರ ಪಾಠ ಇನ್ನೂ ಪ್ರಕಟವಾಗಬೇಕಿರುವುದರಿಂದ ಊರಿನ ಹೆಸರು ಇಲ್ಲಿ ಹಾಕುತ್ತಿಲ್ಲ.

ಪ್ರತಿಕೃತಿ ಯಾಕೆ ಬೇಕು?

ಅನೇಕ ಮುಖ್ಯ ಶಾಸನಗಳು ಈಗ ತಮ್ಮ ಊರಿನಲ್ಲಿ ಇಲ್ಲ. ಹಲ್ಮಿಡಿಯ ಮೂಲ ಕಲ್ಲು ಪುರಾತತ್ತ್ವ ಇಲಾಖೆಯ ಸಂರಕ್ಷಣೆಯಲ್ಲಿದೆ, ಊರಿನಲ್ಲಿ ನಿಲ್ಲಿಸಿರುವುದು ಅದರ ಪ್ರತಿಕೃತಿ. ಬೇಗೂರಿನ ನಾಗತ್ತರನ ವೀರಗಲ್ಲು, ಕಾಳಿ ಎಂಬ ನಾಯಿಯ ನೆನಪಿನ ಆತಕೂರಿನ ಕಲ್ಲು, ಎರಡನ್ನೂ ನೋಡಬೇಕಾದರೆ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯಕ್ಕೆ ಹೋಗಬೇಕು. ಊರಲ್ಲೇ ಉಳಿದ ಕಲ್ಲುಗಳ ಕಥೆ ಬೇರೆ. ಸುಣ್ಣ, ಎಣ್ಣೆ, ಅರಿಶಿನ, ಬಣ್ಣ ಮೆತ್ತಿಕೊಂಡು ಅಕ್ಷರ ಮುಚ್ಚಿಹೋಗಿರುತ್ತದೆ, ಇಲ್ಲವೇ ಬಿಸಿಲು ಮಳೆಗೆ ಸವೆಯುತ್ತಿರುತ್ತದೆ.

ಕಾಗದದ ಅಚ್ಚು ಓದುವುದಕ್ಕೆ ಈಗಲೂ ಒಳ್ಳೆಯ ಸಾಧನ. ಆದರೆ ಮಸಿ ಹತ್ತಿದ ಕಡೆ ಕಪ್ಪು, ಹತ್ತದ ಕಡೆ ಬಿಳಿ, ಇಷ್ಟೇ ಅದು ಹೇಳುವುದು. ಗೆರೆಯ ಆಳ ಎಷ್ಟು, ಅದರ ತಳ ಚೂಪೋ ದುಂಡೋ, ಇದು ಉಳಿಯ ಗೀರೋ ಕಲ್ಲಿನ ಬಿರುಕೋ ಎಂಬುದು ಅಚ್ಚಿನಲ್ಲಿ ಅಷ್ಟಾಗಿ ಸಿಗುವುದಿಲ್ಲ. ಬೆಂಗಳೂರಿನ ಮಿಥಿಕ್ ಸೊಸೈಟಿಯ ಶಾಸನ ಯೋಜನೆಯವರು ನಗರದ ಶಾಸನಗಳನ್ನು 3ಡಿ ಸ್ಕ್ಯಾನ್ ಮಾಡಲು ತೊಡಗಿದ ಮೇಲೆ ಆಳದ ಮಾಹಿತಿಯ ಬೆಲೆ ಏನೆಂದು ನಮ್ಮಂಥ ಹವ್ಯಾಸಿಗಳಿಗೂ ಅರ್ಥವಾಗಿದೆ. ಪರದೆಯ ಮೇಲಿನ ಆ ಆಳವನ್ನು ಮತ್ತೆ ಕೈಗೆ ಸಿಗುವ ವಸ್ತುವಾಗಿ ಮಾಡುವ ದಾರಿಗಳಲ್ಲಿ ಮರದ ಕೆತ್ತನೆ ಒಂದು. ಮಕ್ಕಳು ಮುಟ್ಟಬಹುದು, ಕಣ್ಣು ಕಾಣದವರು ಬೆರಳಿನಿಂದ ಗೆರೆ ಹಿಡಿದು ಹೋಗಬಹುದು, ಮೂಲ ಕಲ್ಲಿಗೆ ಯಾವ ತೊಂದರೆಯೂ ಇಲ್ಲ.

ಫಾಂಟಿನಿಂದ ಕೆತ್ತಿದರೆ ಅದು ಶಾಸನ ಅಲ್ಲ, ನಾಮಫಲಕ

ಮೊದಲಿಗೆ ಒಂದು ಗೊಂದಲ ಬಗೆಹರಿಸಿಕೊಳ್ಳಬೇಕು. ಸಿಎನ್‌ಸಿ ಅಂಗಡಿಗೆ ಹೋಗಿ ಅಕ್ಷರ ಕೆತ್ತಬೇಕು ಅಂದರೆ ಅವರು ತಕ್ಷಣ ಹೇಳುವುದು ವಿ-ಕಾರ್ವ್ ವಿಧಾನ. ಅಕ್ಷರದ ಅಂಚಿನ ಗೆರೆಗಳನ್ನು ಕೊಟ್ಟರೆ ಸಾಕು, ಮೊನಚಾದ ವಿ ಆಕಾರದ ಬಿಟ್ ಆ ಎರಡು ಅಂಚಿನ ನಡುವೆ ಇಳಿದು ಕೊರೆಯುತ್ತದೆ. ಮನೆ ಹೆಸರಿನ ಫಲಕ, ದೇವರಮನೆ ಬಾಗಿಲು ಎಲ್ಲಾ ಹೀಗೇ ಆಗುವುದು. ನೋಡಲು ಚೆನ್ನಾಗಿರುತ್ತದೆ.

ಆದರೆ ಇಲ್ಲಿ ಆಳವನ್ನು ತೀರ್ಮಾನಿಸುವುದು ಕಲ್ಲಲ್ಲ, ಬಿಟ್ಟಿನ ಕೋನ. 90 ಡಿಗ್ರಿ ಬಿಟ್ ಆದರೆ ಆಳ ಯಾವಾಗಲೂ ಗೆರೆಯ ಅಗಲದ ಅರ್ಧ. 4 ಮಿ.ಮೀ. ಅಗಲದ ಗೆರೆಗೆ 2 ಮಿ.ಮೀ., 6 ಮಿ.ಮೀ. ಅಗಲಕ್ಕೆ 3 ಮಿ.ಮೀ. ಬಿಟ್ ಬದಲಾಯಿಸಿ 60 ಡಿಗ್ರಿಯದು ಹಾಕಿದರೆ ಅದೇ 4 ಮಿ.ಮೀ. ಗೆರೆ ಸುಮಾರು 3.5 ಮಿ.ಮೀ. ಆಳಕ್ಕೆ ಹೋಗುತ್ತದೆ. ಕಲ್ಲಿನಲ್ಲಿ ಅಗಲವಾಗಿದ್ದೂ ಮೇಲುಮೇಲೆ ಇರುವ ಗೆರೆ, ಕಿರಿದಾಗಿದ್ದೂ ಆಳಕ್ಕೆ ಹೋದ ಗೆರೆ, ಎರಡೂ ಇರುತ್ತವೆ. ಕಲ್ಕುಟಿಗ ಎಲ್ಲಿ ಒತ್ತಿ ಹೊಡೆದ, ಎಲ್ಲಿ ಹಗುರವಾಗಿ ಎಳೆದ ಅನ್ನೋದು ಅದರಲ್ಲೇ ಕಾಣುವುದು. ವಿ-ಕಾರ್ವ್ ಅದನ್ನೆಲ್ಲ ಅಳಿಸಿ ತನ್ನದೇ ಕೈಬರಹ ಹಾಕುತ್ತದೆ.

ಆದ್ದರಿಂದ ಪ್ರತಿಕೃತಿಗೆ ಬೇಕಾದದ್ದು ಗೆರೆಯ ಕೆತ್ತನೆ ಅಲ್ಲ, ಮೇಲ್ಮೈ ಕೆತ್ತನೆ. ಯಂತ್ರಕ್ಕೆ ಅಕ್ಷರದ ಪರಿಚಯವೇ ಇರಬಾರದು. ಈ ಜಾಗದಲ್ಲಿ ಎತ್ತರ ಇಷ್ಟು, ಪಕ್ಕದ ಜಾಗದಲ್ಲಿ ಇಷ್ಟು ಎಂದು ಮಾತ್ರ ಅದಕ್ಕೆ ಗೊತ್ತಿರಬೇಕು.

ಕಲ್ಲಿನಿಂದ ಮಾದರಿಗೆ

ಸ್ಕ್ಯಾನರ್ ಇಲ್ಲದಿದ್ದರೂ ನಡೆಯುತ್ತದೆ. ಸಾಮಾನ್ಯ ಕ್ಯಾಮೆರಾದಿಂದ ಬೇರೆ ಬೇರೆ ಕೋನದಲ್ಲಿ ಫೋಟೋ ತೆಗೆದು ಫೋಟೋಗ್ರಾಮೆಟ್ರಿ ತಂತ್ರಾಂಶದಲ್ಲಿ ಮೇಲ್ಮೈ ಕಟ್ಟಬಹುದು. ಮೆಶ್‌ರೂಮ್ ಉಚಿತವಾಗಿ ಸಿಗುತ್ತದೆ. ಒಂದು ಫೋಟೋಗೂ ಮುಂದಿನದಕ್ಕೂ 70 ರಿಂದ 80 ಶೇಕಡಾ ಭಾಗ ಒಂದೇ ಇರುವಂತೆ ಸ್ವಲ್ಪ ಸ್ವಲ್ಪವೇ ಸರಿಯುತ್ತಾ ತೆಗೆಯಬೇಕು. ಓದುವುದಕ್ಕಾದರೆ ನಾವು ಓರೆ ಬೆಳಕು ಹುಡುಕುತ್ತೇವಲ್ಲ, ಇಲ್ಲಿ ಅದರ ಉಲ್ಟಾ. ಮೋಡ ಕವಿದ ಹೊತ್ತಿನ ಸಮನಾದ ಬೆಳಕೇ ಬೇಕು, ಯಾಕೆಂದರೆ ಗಾಢ ನೆರಳು ಬಿದ್ದ ಕಡೆ ತಂತ್ರಾಂಶಕ್ಕೆ ಹಿಡಿದುಕೊಳ್ಳಲು ಗುರುತೇ ಸಿಗುವುದಿಲ್ಲ. 6000 ಪಿಕ್ಸೆಲ್ ಅಗಲದ ಚಿತ್ರದಲ್ಲಿ 600 ಮಿ.ಮೀ. ಅಗಲದ ಕಲ್ಲು ತುಂಬಿಕೊಂಡರೆ ಒಂದು ಪಿಕ್ಸೆಲ್‌ಗೆ 0.1 ಮಿ.ಮೀ. ಬರುತ್ತದೆ. ಅಕ್ಷರಕ್ಕೆ ಇದು ಸಾಕು. ಪಕ್ಕದಲ್ಲಿ ಅಳತೆಪಟ್ಟಿ ಇಡುವುದನ್ನು ಮರೆಯಬೇಡಿ, ಫೋಟೋದಿಂದ ಕಟ್ಟಿದ ಮಾದರಿಗೆ ತನ್ನ ಗಾತ್ರ ತನಗೇ ಗೊತ್ತಿರುವುದಿಲ್ಲ. ಸಂರಕ್ಷಿತ ಸ್ಮಾರಕವಾದರೆ ಅನುಮತಿ ತೆಗೆದುಕೊಂಡೇ ಕೆಲಸ ಶುರು ಮಾಡಿ. ಕಲ್ಲಿಗೆ ಎಣ್ಣೆ, ಸೀಮೆಸುಣ್ಣ, ರಬ್ಬರ್ ಅಚ್ಚು ಯಾವುದೂ ಬೇಡ.

ಹೀಗೆ ಬಂದ ಮೆಶ್ ಅನ್ನು ಮೆಶ್‌ಲ್ಯಾಬ್ ಅಥವಾ ಬ್ಲೆಂಡರ್‌ನಲ್ಲಿ ಶುಚಿ ಮಾಡಬೇಕು. ಶಾಸನದ ವಿಷಯದಲ್ಲಿ ನಾಲ್ಕು ಎಚ್ಚರಿಕೆಗಳು ಮುಖ್ಯ.

ಒಂದು, ನಯಗೊಳಿಸುವ ಫಿಲ್ಟರ್. ಕಲ್ಲಿನ ಒರಟು ಹೋಗಲಿ ಎಂದು ಇದನ್ನು ಒತ್ತಿದರೆ ಒರಟಿನ ಜೊತೆ ಸಣ್ಣ ಗೀಟುಗಳೂ ಹೋಗುತ್ತವೆ. ಪಕಾರಕ್ಕೂ ಷಕಾರಕ್ಕೂ ಇರುವ ವ್ಯತ್ಯಾಸ ಒಳಗಿನ ಒಂದು ಗೀಟು ಅಷ್ಟೇ. ಅನುಸ್ವಾರ ಒಂದು ಚಿಕ್ಕ ಗುಳಿ. ಇವು ಮಾಯವಾದರೆ ಪದವೇ ಬೇರೆ.

ಎರಡು, ತೂತು ಮುಚ್ಚುವ ಸೌಲಭ್ಯ. ಮಾಹಿತಿ ಇಲ್ಲದ ಕಡೆ ಸುತ್ತಲಿನ ಮೇಲ್ಮೈ ನೋಡಿ ತಂತ್ರಾಂಶ ತಾನೇ ಒಂದು ಚರ್ಮ ಎಳೆದುಬಿಡುತ್ತದೆ. ಪಾಯ್ಸನ್ ವಿಧಾನದಲ್ಲಂತೂ ಇದು ಕೇಳದೆಯೇ ಆಗುತ್ತದೆ. ನೋಡಲು ಕಲ್ಲಿನಂತೆಯೇ ಕಾಣುತ್ತದೆ, ಆದರೆ ಅದು ಕಲ್ಲಲ್ಲ.

ಮೂರು, ಎತ್ತರದ ಮೆಟ್ಟಿಲುಗಳು. ಮೇಲ್ಮೈಯನ್ನು ಬೂದು ಬಣ್ಣದ ಚಿತ್ರವಾಗಿ ಮಾಡಿ ಕೆತ್ತನೆ ತಂತ್ರಾಂಶಕ್ಕೆ ಕೊಡುವ ರೂಢಿ ಇದೆ. 8 ಬಿಟ್ ಚಿತ್ರದಲ್ಲಿ ಕಪ್ಪಿನಿಂದ ಬಿಳಿಗೆ 256 ಮೆಟ್ಟಿಲು ಮಾತ್ರ. ನನ್ನ ಕಲ್ಲಿನ ಪಟ್ಟಿಯಲ್ಲಿ ಉಬ್ಬುತಗ್ಗು ಒಟ್ಟು 24 ಮಿ.ಮೀ. ಇತ್ತು, ಅಂದರೆ ಒಂದು ಮೆಟ್ಟಿಲಿಗೆ ಸುಮಾರು 0.09 ಮಿ.ಮೀ. ಅಕ್ಷರದ 2 ಮಿ.ಮೀ. ಆಳಕ್ಕೆ ಸಿಗುವುದು ಬರೀ 21 ಮೆಟ್ಟಿಲು. ಮರದ ಮೇಲೆ ನಕಾಶೆಯ ಗೆರೆಗಳ ಹಾಗೆ ಅಂಚುಗಳು ಏಳುತ್ತವೆ. 16 ಬಿಟ್ ಚಿತ್ರದಲ್ಲಿ 65,536 ಮೆಟ್ಟಿಲು, ಸಮಸ್ಯೆಯೇ ಇಲ್ಲ. ಇನ್ನೂ ಒಳ್ಳೆಯದು ಮೆಶ್ ಅನ್ನೇ ನೇರವಾಗಿ ಕೊಡುವುದು. ನನ್ನ ಪಟ್ಟಿ 720 ಮಿ.ಮೀ. ಅಗಲ, 300 ಮಿ.ಮೀ. ಎತ್ತರ. 0.3 ಮಿ.ಮೀ.ಗೆ ಒಂದು ಬಿಂದು ಇಟ್ಟರೆ 24 ಲಕ್ಷ ಬಿಂದು. ಮನೆಯ ಲ್ಯಾಪ್‌ಟಾಪ್ ಇದನ್ನು ತಡೆದುಕೊಳ್ಳುತ್ತದೆ.

ನಾಲ್ಕು, ಅಳತೆಯ ಮಾನ. ಎಸ್‌ಟಿಎಲ್ ಕಡತದಲ್ಲಿ ಅಂಕಿ ಇರುತ್ತದೆ, ಅದು ಮಿಲಿಮೀಟರೋ ಇಂಚೋ ಎಂದು ಇರುವುದಿಲ್ಲ. ತೆರೆಯುವವರು ಇಂಚು ಎಂದು ಆರಿಸಿದರೆ ಕಲ್ಲು 25.4 ಪಟ್ಟು ದೊಡ್ಡದಾಗುತ್ತದೆ. ಇಷ್ಟು ದೊಡ್ಡ ವ್ಯತ್ಯಾಸ ಕಣ್ಣಿಗೆ ಬೀಳುತ್ತದೆ ಬಿಡಿ, ಬೀಳದಿರುವುದು ಮರದ ಹಲಗೆಗೆ ಹೊಂದಲಿ ಎಂದು ಯಾರೋ 97 ಶೇಕಡಾಕ್ಕೆ ಇಳಿಸಿದ್ದು. ಹಾಗಾಗಿ ಕಡತದ ಜೊತೆಗೆ ಅಗಲ, ಎತ್ತರ, ಆಳ ಮೂರನ್ನೂ ಕಾಗದದಲ್ಲಿ ಬರೆದೇ ಕಾರ್ಯಾಗಾರಕ್ಕೆ ಕೊಡಬೇಕು.

ಆಳದ ವಿಷಯದಲ್ಲಿ ಇನ್ನೊಂದು ಮಾತು. ಪರದೆಯ ಮೇಲೆ ಓದುವಾಗ ಆಳವನ್ನು ಎರಡು ಮೂರು ಪಟ್ಟು ಹೆಚ್ಚಿಸಿ ನೋಡುವುದು ನಮಗೆಲ್ಲ ಅಭ್ಯಾಸ. ಕೆತ್ತುವಾಗ ಹಾಗೆ ಮಾಡಿದರೆ ಸವೆದ ಕಲ್ಲು ನಿನ್ನೆ ಕಂಡರಿಸಿದ್ದರಂತೆ ಕಾಣುತ್ತದೆ. ಬೆರಳಿಗೆ ಸಿಗಲಿ ಎಂದು ಹೆಚ್ಚಿಸಲೇಬೇಕಾದರೆ ಹೆಚ್ಚಿಸಿ, ಆದರೆ ಎಷ್ಟು ಪಟ್ಟು ಎಂದು ಫಲಕದ ಮೇಲೇ ಬರೆಯಿರಿ. ನಾನು ಮಾಡಿಸಿದ್ದು ಒಂದಕ್ಕೆ ಒಂದು.

ಬಿಟ್ಟಿನ ತುದಿ ತಲುಪದ ಜಾಗ

ಈಗ ಟೂಲ್‌ಪಾತ್. ಬೆಂಗಳೂರಿನ ಸುತ್ತ ಪೀಠೋಪಕರಣದ ಕಾರ್ಯಾಗಾರಗಳಲ್ಲಿ 4 ಅಡಿಗೆ 8 ಅಡಿ ಹಾಸಿನ ಮೂರು ಅಕ್ಷದ ರೂಟರ್‌ಗಳು ಸಾಮಾನ್ಯ. ತಂತ್ರಾಂಶವಾಗಿ ವೆಕ್ಟ್ರಿಕ್ ಆಸ್ಪೈರ್ ಅಥವಾ ಹಳೆಯ ಆರ್ಟ್‌ಕ್ಯಾಮ್ ಇರುತ್ತದೆ. ಆರ್ಟ್‌ಕ್ಯಾಮನ್ನು ಆಟೋಡೆಸ್ಕ್ 2018ರಲ್ಲಿ ನಿಲ್ಲಿಸಿತು, ಅದರ ಮುಂದುವರಿಕೆ ಈಗ ಕಾರ್ವ್‌ಕೋ ಹೆಸರಿನಲ್ಲಿದೆ. ಫ್ರೀಕ್ಯಾಡ್‌ನಲ್ಲೂ ಮೇಲ್ಮೈ ಕೆತ್ತನೆ ಮಾಡಬಹುದು. ಯಾವುದಾದರೂ ತತ್ತ್ವ ಒಂದೇ.

ಮೂರು ಅಕ್ಷದ ಯಂತ್ರದ ಬಿಟ್ ಯಾವಾಗಲೂ ಮೇಲಿನಿಂದ ನೇರ ಕೆಳಕ್ಕೆ. ಒಂದು ಜಾಗಕ್ಕೆ ಒಂದೇ ಎತ್ತರ. ವೀರಗಲ್ಲಿನ ಶಿಲ್ಪದಲ್ಲಿ ಕುದುರೆಯ ಕಾಲಿನ ಹಿಂದೆ, ಅಪ್ಸರೆಯ ಕೈ ಕೆಳಗೆ ಟೊಳ್ಳು ಇದ್ದರೆ ಅಲ್ಲಿಗೆ ಬಿಟ್ ಹೋಗುವುದಿಲ್ಲ, ಅಲ್ಲಿ ಮರ ಗಟ್ಟಿಯಾಗಿ ಉಳಿಯುತ್ತದೆ. ಅಕ್ಷರದ ಗೆರೆಯಲ್ಲಿ ಅಂಥ ಒಳಟೊಳ್ಳು ಸಾಮಾನ್ಯವಾಗಿ ಇರುವುದಿಲ್ಲ. ಆದ್ದರಿಂದ ಶಾಸನ ಈ ಯಂತ್ರಕ್ಕೆ ಹೇಳಿ ಮಾಡಿಸಿದ ವಸ್ತು.

ತೊಡಕು ಇರುವುದು ಬಿಟ್ಟಿನ ತುದಿಯಲ್ಲಿ. ಮೇಲ್ಮೈ ಕೆತ್ತಲು ಬಳಸುವುದು ಗುಂಡು ತುದಿಯ ಬಿಟ್. ಗೆರೆಯ ತಳ ವಿ ಆಕಾರದಲ್ಲಿದ್ದರೆ ಗುಂಡು ಎರಡು ಬದಿಗೆ ತಾಗಿ ನಿಂತುಬಿಡುತ್ತದೆ, ತಳಕ್ಕೆ ಮುಟ್ಟುವುದಿಲ್ಲ. ಲೆಕ್ಕ ಸುಲಭ. 90 ಡಿಗ್ರಿ ಗೆರೆಯಲ್ಲಿ ಮುಟ್ಟದೆ ಉಳಿಯುವ ಆಳ ತುದಿಯ ತ್ರಿಜ್ಯದ ಸುಮಾರು 0.41 ಪಾಲು. ತ್ರಿಜ್ಯ 0.5 ಮಿ.ಮೀ. ಆದರೆ 0.2 ಮಿ.ಮೀ. ಕಳೆಯುತ್ತದೆ, 1 ಮಿ.ಮೀ. ಆದರೆ 0.4 ಮಿ.ಮೀ. ಬಾಗಿಲಿನ ಹೂವು ಕೆತ್ತುವ 3 ಮಿ.ಮೀ. ತ್ರಿಜ್ಯದ ಬಿಟ್ ಹಾಕಿದರೆ 4 ಮಿ.ಮೀ. ಅಗಲ, 2 ಮಿ.ಮೀ. ಆಳದ ಗೆರೆಯಲ್ಲಿ ಅದು ಇಳಿಯುವುದು 0.76 ಮಿ.ಮೀ. ಮಾತ್ರ. ಗೆರೆ ಇನ್ನೂ ಚೂಪಾಗಿ 60 ಡಿಗ್ರಿ ಇದ್ದರೆ ಕಳೆಯುವುದು ಪೂರ್ತಿ ಒಂದು ತ್ರಿಜ್ಯದಷ್ಟು.

ಇದರ ಅರ್ಥ ಶಾಸನ ಓದುವವರಿಗೆ ತಕ್ಷಣ ಹೊಳೆಯುತ್ತದೆ. ಆಳದ ಗೆರೆ ಹೆಚ್ಚು ಕಳೆದುಕೊಳ್ಳುತ್ತದೆ, ಅಗಲವಾದ ಸವೆತ ಏನೂ ಕಳೆದುಕೊಳ್ಳುವುದಿಲ್ಲ. ಅಂದರೆ ದಪ್ಪ ಬಿಟ್ಟಿನ ಪ್ರತಿಕೃತಿಯಲ್ಲಿ ಉಳಿಯ ಗೆರೆಗೂ ಕಲ್ಲಿನ ಸವೆತಕ್ಕೂ ಇದ್ದ ವ್ಯತ್ಯಾಸವೇ ಕಡಿಮೆಯಾಗುತ್ತದೆ. ಅಕ್ಷರ ಯಾವುದು, ಗಾಯ ಯಾವುದು ಎಂದು ನಾವು ತೀರ್ಮಾನಿಸುವುದೇ ಆ ವ್ಯತ್ಯಾಸದಿಂದ. ಪೂರ್ಣ ಗಾತ್ರದಲ್ಲಿ ಕೆತ್ತುವುದಕ್ಕೂ ಇದೇ ಕಾರಣ. ಕಲ್ಲನ್ನು ಅರ್ಧಕ್ಕೆ ಇಳಿಸಿದರೆ ಗೆರೆಯೂ ಅರ್ಧವಾಗುತ್ತದೆ, ಬಿಟ್ಟಿನ ತುದಿ ಮಾತ್ರ ಹಾಗೇ ಇರುತ್ತದೆ.

ಸಾಲಿನಂತರ ಮತ್ತು ಗಂಟೆಗಳ ಲೆಕ್ಕ

ಮೊದಲ ಸುತ್ತು ಒರಟು ಕೆತ್ತನೆ. 6 ಮಿ.ಮೀ. ಚಪ್ಪಟೆ ತುದಿಯ ಬಿಟ್ ಹೆಚ್ಚುವರಿ ಮರವನ್ನೆಲ್ಲ ತೆಗೆದು, ನಿಜವಾದ ಮೇಲ್ಮೈ ಮೇಲೆ ಅರ್ಧ ಮಿಲಿಮೀಟರ್ ಬಿಟ್ಟು ನಿಲ್ಲುತ್ತದೆ. ಆಮೇಲೆ ಗುಂಡು ತುದಿಯ ಬಿಟ್ ಹೊಲ ಉಳುವ ಹಾಗೆ ಆ ಕಡೆಯಿಂದ ಈ ಕಡೆ ಸಾಲು ಹೊಡೆಯುತ್ತದೆ. ಎರಡು ಸಾಲಿನ ನಡುವಿನ ಅಂತರ ಸ್ಟೆಪ್‌ಓವರ್. ಎರಡು ಸಾಲಿನ ಮಧ್ಯೆ ಉಳಿಯುವ ಏಣಿನ ಎತ್ತರ ಹೀಗೆ: ಅಂತರದ ವರ್ಗವನ್ನು ತ್ರಿಜ್ಯದ ಎಂಟು ಪಟ್ಟಿನಿಂದ ಭಾಗಿಸಿ. 1 ಮಿ.ಮೀ. ತ್ರಿಜ್ಯ, 0.4 ಮಿ.ಮೀ. ಅಂತರ ಆದರೆ ಏಣು 0.02 ಮಿ.ಮೀ. ತಲೆಗೂದಲಿಗಿಂತ ತೆಳು.

ಇನ್ನೂ ನಯವಾಗಲಿ ಎಂದು ಎಲ್ಲಾ ಕಡೆ ಅಂತರ ಕಡಿಮೆ ಮಾಡಿದರೆ ಬೆಲೆ ತೆರಬೇಕಾದದ್ದು ಗಂಟೆಗಳಲ್ಲಿ. ಬಿಟ್ ನಿಮಿಷಕ್ಕೆ 18,000 ಸುತ್ತು, ಎರಡು ಅಲಗು, ಒಂದು ಅಲಗು ಒಂದು ಸುತ್ತಿಗೆ 0.05 ಮಿ.ಮೀ. ಕಚ್ಚಿದರೆ ಓಟ ನಿಮಿಷಕ್ಕೆ 1800 ಮಿ.ಮೀ. ನನ್ನ ಪಟ್ಟಿಗೆ 0.4 ಅಂತರದಲ್ಲಿ 750 ಸಾಲು, ಒಟ್ಟು 540 ಮೀಟರ್ ಓಟ, 5 ಗಂಟೆ. ಅಕ್ಷರಗಳಿಗೆ 0.5 ತ್ರಿಜ್ಯದ ತೆಳು ಬಿಟ್ ಬೇಕು, ಅಂತರ 0.15, ಓಟ ನಿಧಾನ, ನಿಮಿಷಕ್ಕೆ 1200. ಇದನ್ನು ಇಡೀ ಪಟ್ಟಿಗೆ ಹಾಕಿದರೆ 20 ಗಂಟೆ. ಅಕ್ಷರದ ಸಾಲುಗಳು ಇರುವ ಸುಮಾರು 40 ಶೇಕಡಾ ಜಾಗಕ್ಕೆ ಮಾತ್ರ ಗಡಿ ಹಾಕಿ ಕೊಟ್ಟರೆ 8 ಗಂಟೆ. ಎರಡೂ ಸೇರಿ 13 ಗಂಟೆ. ಕಾರ್ಯಾಗಾರದವರು ಗಂಟೆಗೆ ಇಷ್ಟು ಅಂತ ಹಣ ಕೇಳುವುದರಿಂದ ಈ ಲೆಕ್ಕ ಮೊದಲೇ ಮಾಡಿಕೊಂಡು ಹೋಗುವುದು ಒಳ್ಳೆಯದು.

ಗಡಿ ಎಳೆಯುವಾಗ ಒಂದು ಎಚ್ಚರ. ಅಕ್ಷರ ಇದೆ ಎಂದು ನಮಗೆ ಗೊತ್ತಿರುವ ಕಡೆ ಮಾತ್ರ ಸೂಕ್ಷ್ಮ ಬಿಟ್ ಹಾಕಿದರೆ, ಗೊತ್ತಿಲ್ಲದ ಅಕ್ಷರ ಎಂದಿಗೂ ಮರಕ್ಕೆ ಬರುವುದಿಲ್ಲ. ಅದಕ್ಕೇ ನಾನು ಅಕ್ಷರಗಳ ಸುತ್ತ ಗಡಿ ಎಳೆಯದೆ, ಸಾಲಿನ ಪಟ್ಟಿ ಪೂರ್ತಿ, ಅಂಚಿನಿಂದ ಅಂಚಿಗೆ ಎಳೆದೆ.

ಯಾವ ಮರ?

ತೇಗ ಗಟ್ಟಿ, ಬಾಳಿಕೆ ಬರುತ್ತದೆ, ಆದರೆ ಅದರಲ್ಲಿರುವ ಸಿಲಿಕಾ ಬಿಟ್ಟಿನ ಅಲಗನ್ನು ಬೇಗ ಮೊಂಡು ಮಾಡುತ್ತದೆ. ಶಿವನೆ ಮರ ಹಗುರ, ಕೆತ್ತನೆಗೆ ಮೆದು. ಎಂಡಿಎಫ್ ಹಲಗೆಗೆ ನಾರಿನ ದಿಕ್ಕೇ ಇಲ್ಲ, ಅಕ್ಷರ ಶುದ್ಧವಾಗಿ ಬರುತ್ತದೆ, ಆದರೆ ತೇವಕ್ಕೆ ಊದುತ್ತದೆ. ನಾನು ಆರಿಸಿಕೊಂಡದ್ದು ತೇಗ.

ಮರದ ನಾರು ಬರವಣಿಗೆಯ ಸಾಲಿನ ಉದ್ದಕ್ಕೇ ಇರಬೇಕು. ಮರ ಉದ್ದಕ್ಕೆ ಹೆಚ್ಚುಕಡಿಮೆ ಅಲುಗುವುದಿಲ್ಲ, ಅಡ್ಡಕ್ಕೆ ಅಲುಗುತ್ತದೆ. 300 ಮಿ.ಮೀ. ಅಗಲದ ತೇಗದ ಹಲಗೆ ಬೇಸಿಗೆಗೂ ಮಳೆಗಾಲಕ್ಕೂ ಒಂದೆರಡು ಮಿಲಿಮೀಟರ್ ಹಿಗ್ಗಿ ಕುಗ್ಗಬಹುದು. ಆದ್ದರಿಂದ ಹಲಗೆಯನ್ನು ಚೌಕಟ್ಟಿಗೆ ಗಟ್ಟಿಯಾಗಿ ಅಂಟಿಸದೆ, ಉದ್ದನೆಯ ತೂತಿನಲ್ಲಿ ಸ್ಕ್ರೂ ಹಾಕಿ ಜಾಗ ಬಿಡಬೇಕು. ಇಲ್ಲದಿದ್ದರೆ ಮರ ಸೀಳುತ್ತದೆ. ಆಮೇಲೆ ಆ ಸೀಳು ಕಲ್ಲಿನ ಬಿರುಕೋ ಮರದ್ದೋ ಎಂದು ನೋಡುವವರಿಗೆ ಹೇಗೆ ಗೊತ್ತಾಗಬೇಕು?

ಕೆತ್ತಿದ ಮೇಲೆ ಉಪ್ಪುಕಾಗದ ಹಾಕಿ ಉಜ್ಜಬಾರದು. ಮೆಶ್‌ಲ್ಯಾಬಿನಲ್ಲಿ ಬೇಡ ಎಂದ ಆ ನಯಗೊಳಿಸುವ ಕೆಲಸವನ್ನೇ ಇದು ಕೈಯಿಂದ ಮಾಡುತ್ತದೆ. ನೈಲಾನ್ ಬ್ರಶ್ಶಿನಿಂದ ಪುಡಿ ತೆಗೆದು ತೆಳ್ಳಗೆ ಅಗಸೆ ಎಣ್ಣೆ ಸವರಿದರೆ ಸಾಕು. ದಪ್ಪ ಪಾಲಿಶ್ ಗೆರೆಯ ತಳದಲ್ಲಿ ಕೂತು ಆಳ ತಿನ್ನುತ್ತದೆ. ಯಂತ್ರದ ಹತ್ತಿರ ನಿಲ್ಲುವವರು ಮುಖಕ್ಕೆ ಮಾಸ್ಕ್ ಹಾಕಲೇಬೇಕು. ತೇಗದ ಪುಡಿ ಕೆಲವರಿಗೆ ಚರ್ಮಕ್ಕೂ ಉಸಿರಿಗೂ ಆಗುವುದಿಲ್ಲ.

ಇಲ್ಲದ ಎರಡು ಅಕ್ಷರ

ಈಗ ಎಲ್ಲಕ್ಕಿಂತ ಕಷ್ಟದ ಭಾಗ. ನನ್ನ ವೀರಗಲ್ಲಿನ ಮೂರನೇ ಸಾಲಿನಲ್ಲಿ ವೀರನ ಹೆಸರು ಬರುತ್ತದೆ. ಹೆಸರಿನ ಮೊದಲ ಭಾಗ ಸ್ಪಷ್ಟ. ಅದರ ನಂತರ ಕಲ್ಲಿನ ಚಕ್ಕೆ ಎದ್ದು 85 ಮಿ.ಮೀ. ಜಾಗ ಖಾಲಿ. ಫಲಕವನ್ನು ಊರಿನ ಶಾಲೆಯಲ್ಲಿ ಇಡುವುದು ಎಂದಾದ ಮೇಲೆ ಊರಿನ ಯಜಮಾನರೊಬ್ಬರು ಬಂದು ಕೇಳಿದರು: "ಸಾರ್, ಅಲ್ಲಿ ಗಾವುಂಡ ಅಂತಾನೇ ಇದ್ದಿದ್ದು. ನಮ್ಮ ತಾತನ ಕಾಲದಿಂದ ಹಂಗೇ ಹೇಳ್ಕೊಂಡ್ ಬಂದವ್ರೆ. ಮರದಲ್ಲಾದ್ರೂ ಪೂರ್ತಿ ಮಾಡಿ ಕೊಡಿ. ಮಕ್ಳು ಅರ್ಧ ಹೆಸರು ಯಾಕೆ ಓದ್ಬೇಕು?"

ಅವರ ಮಾತಿನಲ್ಲಿ ಕಪಟ ಇರಲಿಲ್ಲ, ಕೇಳಿದ್ದು ನ್ಯಾಯವಾಗಿಯೇ ಇತ್ತು. ತಂತ್ರಾಂಶದಲ್ಲಿ ಇದು ಹತ್ತು ನಿಮಿಷದ ಕೆಲಸ. ಅದೇ ಕಲ್ಲಿನ ಬೇರೆ ಸಾಲಿನಿಂದ ಅಕ್ಷರ ಕತ್ತರಿಸಿ ಅಲ್ಲಿ ಕೂರಿಸಿದರೆ ಯಾರಿಗೂ ತಿಳಿಯುವುದಿಲ್ಲ. ಆದರೆ ಊರಿನಲ್ಲಿ ಈ ವೀರ ತಮ್ಮ ವಂಶದವನು ಎನ್ನುವ ಮನೆತನಗಳು ಎರಡಿವೆ. ಒಂದು ಮನೆತನಕ್ಕೆ ಮಾತ್ರ ಆ ಪದ ಒಪ್ಪುತ್ತದೆ. ಶಾಲೆಯ ಗೋಡೆಯ ಮೇಲೆ ಕೆತ್ತಿದ ಮರ ನಾಳೆ ಸಾಕ್ಷಿಯಾಗುತ್ತದೆ.

ನಾನು ಅವರಿಗೆ ಲ್ಯಾಪ್‌ಟಾಪಿನಲ್ಲಿ ಅಳತೆ ತೋರಿಸಿದೆ. ಆ ಸಾಲಿನಲ್ಲಿ ಒಂದು ಅಕ್ಷರಕ್ಕೆ 38 ರಿಂದ 42 ಮಿ.ಮೀ. ಜಾಗ. 85 ಮಿ.ಮೀ.ನಲ್ಲಿ ಹಿಡಿಯುವುದು ಎರಡು ಅಕ್ಷರ. ಗಾ, ವು, ಣ್ಡ ಸೇರಿದರೆ ಮೂರು, ಅದಕ್ಕೆ ಸುಮಾರು 120 ಮಿ.ಮೀ. ಬೇಕು. ಕಂಡರಿಸಿದವನು ಒತ್ತೊತ್ತಾಗಿ ಕೆತ್ತಿರಲೂಬಹುದು, ಹಾಗಾಗಿ ಗಾವುಂಡ ಇರಲೇ ಇಲ್ಲ ಎಂದು ಈ ಅಳತೆಯಿಂದ ಹೇಳುವ ಹಾಗಿಲ್ಲ. ಇತ್ತು ಎಂದೂ ಹೇಳುವ ಹಾಗಿಲ್ಲ. ಅವರು ಪರದೆಯನ್ನು ತುಂಬಾ ಹೊತ್ತು ನೋಡಿ, "ಹಂಗಾದ್ರೆ ಕಲ್ಲು ಹೆಂಗೈತೋ ಹಂಗೇ ಇರ್ಲಿ ಬಿಡಿ" ಅಂದರು. ಪೂರ್ತಿ ಒಪ್ಪಿದರೋ ಬೇಸರವಾಯಿತೋ ಹೇಳಲಾರೆ.

ಮುದ್ರಿತ ಪಾಠದಲ್ಲಿ ಇಂಥ ಕಡೆ ನಾವು ಚೌಕ ಆವರಣ, ಚುಕ್ಕಿ, ನಕ್ಷತ್ರ ಚಿಹ್ನೆ ಬಳಸುತ್ತೇವೆ. ಅಳಿಸಿದ್ದು, ಅನುಮಾನದ್ದು, ಸಂಪಾದಕರು ಸೇರಿಸಿದ್ದು ಬೇರೆ ಬೇರೆಯಾಗಿ ಕಾಣುತ್ತವೆ. ಮರದಲ್ಲಿ ಆವರಣ ಹಾಕುವುದು ಹೇಗೆ? ನಾನು ಎರಡು ನಿಯಮ ಮಾಡಿಕೊಂಡಿದ್ದೇನೆ.

ಮೊದಲನೆಯದು, ಕಲ್ಲಿನಲ್ಲೇ ಚಕ್ಕೆ ಎದ್ದಿದ್ದರೆ ಆ ಚಕ್ಕೆಯ ಗುಳಿಯನ್ನು ಇದ್ದ ಹಾಗೇ ಕೆತ್ತುವುದು. ಗುಳಿಯೂ ಕಲ್ಲಿನ ಭಾಗವೇ. ಅದರ ಅಂಚಿನಲ್ಲಿ ಅಕ್ಷರದ ಬಾಲವೊಂದು ಉಳಿದಿದ್ದರೆ ಮುಂದೆ ಯಾರಾದರೂ ಅದರಿಂದಲೇ ಓದಿಯಾರು.

ಎರಡನೆಯದು, ಮಾಹಿತಿಯೇ ಇಲ್ಲದ ಜಾಗ. ಈ ಕಲ್ಲಿನ ಕೊನೆಯ ಸಾಲಿನ ಒಂದು ತುದಿ ಸಿಮೆಂಟ್ ಕಟ್ಟೆಯಲ್ಲಿ ಹೂತುಹೋಗಿದೆ. ಅಲ್ಲಿ ಅಕ್ಷರ ಇರಬಹುದು, ನಮ್ಮ ಸ್ಕ್ಯಾನಿಗೆ ಸಿಕ್ಕಿಲ್ಲ ಅಷ್ಟೇ. ಇಂಥ ಜಾಗವನ್ನು 3 ಮಿ.ಮೀ. ತ್ರಿಜ್ಯದ ದಪ್ಪ ಬಿಟ್ಟಿನಿಂದ, 3 ಮಿ.ಮೀ. ಅಂತರದಲ್ಲಿ ಕೆತ್ತಿಸಿದೆ. ಆಗ ಸುಮಾರು 0.4 ಮಿ.ಮೀ. ಎತ್ತರದ ಏಣುಗಳು ಸಾಲಾಗಿ ಏಳುತ್ತವೆ, ಉತ್ತ ಹೊಲದ ಹಾಗೆ. ಕಣ್ಣಿಗೂ ಕಾಣುತ್ತದೆ, ಬೆರಳಿಗೂ ಸಿಗುತ್ತದೆ. ಯಾವ ಕಲ್ಲಿನ ಮೇಲೂ ಇಂಥ ಸಮನಾದ ಸಾಲು ಇರುವುದಿಲ್ಲವಾದ್ದರಿಂದ ಯಾರೂ ಇದನ್ನು ಮೂಲ ಎಂದುಕೊಳ್ಳಲಾರರು.

ಊಹೆಯ ಪಾಠಗಳಿಗೂ ಜಾಗ ಬೇಕು. ಗಾವುಂಡ ಎಂಬ ಊರಿನ ಮಾತೂ ಸೇರಿದಂತೆ ಅವನ್ನು ಫಲಕದ ಪಕ್ಕದ ಮುದ್ರಿತ ಹಾಳೆಯಲ್ಲಿ, ಆವರಣದೊಳಗೆ, ಯಾರ ಅಭಿಪ್ರಾಯ ಎಂಬುದರೊಂದಿಗೆ ಕೊಟ್ಟಿದ್ದೇನೆ. ಹಾಳೆಯನ್ನು ನಾಳೆ ತಿದ್ದಬಹುದು, ಮರವನ್ನು ತಿದ್ದಲಾಗುವುದಿಲ್ಲ.

ಇದನ್ನೆಲ್ಲ ಅತಿ ಎಚ್ಚರಿಕೆ ಅನ್ನುವವರಿಗೆ ಕೂಟ ಶಾಸನಗಳನ್ನು ನೆನಪಿಸುತ್ತೇನೆ. ಹಿಂದಿನ ದೊರೆಗಳ ಹೆಸರಿನಲ್ಲಿ ಆಮೇಲಿನವರು ಮಾಡಿಸಿಕೊಂಡ ತಾಮ್ರಪಟಗಳನ್ನು ಬೇರ್ಪಡಿಸಲು ಫ್ಲೀಟ್ ಅವರಂಥ ವಿದ್ವಾಂಸರು ಎಷ್ಟೊಂದು ಶ್ರಮಪಟ್ಟರು. ಗಂಗರ ಕಾಲಗಣನೆಯ ವಾದವಿವಾದಗಳು ಅದರಿಂದಲೇ ಜಟಿಲವಾದವು. ಅವರು ಲಿಪಿಯ ರೂಪ ನೋಡಿ ಅನುಮಾನಪಟ್ಟರು. ಸ್ಕ್ಯಾನಿನಿಂದ ಎತ್ತಿ ಕೂರಿಸಿದ ಅಕ್ಷರದಲ್ಲಿ ಲಿಪಿಯ ರೂಪ ತಪ್ಪಿರುವುದೇ ಇಲ್ಲ.

ಕೊನೆಯ ತಾಳೆ, ಹಿಂಬದಿಯ ಬರಹ

ಕೆತ್ತನೆ ಮುಗಿದ ಮೇಲೆ ಮರವನ್ನೂ ಅದೇ ರೀತಿ ಫೋಟೋ ತೆಗೆದು ಮಾದರಿ ಕಟ್ಟಿ. ಕ್ಲೌಡ್‌ಕಂಪೇರ್ ಎಂಬ ಉಚಿತ ತಂತ್ರಾಂಶದಲ್ಲಿ ಕಲ್ಲಿನ ಮಾದರಿಯ ಮೇಲೆ ಮರದ ಮಾದರಿಯನ್ನು ಕೂರಿಸಿದರೆ ಎಲ್ಲಿ ಎಷ್ಟು ವ್ಯತ್ಯಾಸ ಎಂದು ಬಣ್ಣದಲ್ಲಿ ತೋರಿಸುತ್ತದೆ. ಗೆರೆಗಳ ತಳದಲ್ಲಿ ಬಣ್ಣ ಬದಲಾಗಿಯೇ ಇರುತ್ತದೆ, ಕಾರಣ ಮೇಲೆ ಹೇಳಿದ ತ್ರಿಜ್ಯದ ಲೆಕ್ಕ. ಒಂದು ಬದಿಯಿಂದ ಇನ್ನೊಂದು ಬದಿಗೆ ವ್ಯತ್ಯಾಸ ಏರುತ್ತಾ ಹೋದರೆ ಹಲಗೆ ಯಂತ್ರದ ಮೇಲೆ ಓರೆಯಾಗಿ ಕೂತಿತ್ತು ಎಂದರ್ಥ.

ಫಲಕ ಇಡುವ ಜಾಗದಲ್ಲಿ ಬೆಳಕು ಎಡಗಡೆ ಮೇಲಿನಿಂದ ಓರೆಯಾಗಿ ಬೀಳುವಂತೆ ನೋಡಿಕೊಳ್ಳಿ. ಎದುರಿನ ಟ್ಯೂಬ್‌ಲೈಟಿನಲ್ಲಿ 2 ಮಿ.ಮೀ. ಆಳದ ಅಕ್ಷರ ಕಾಣುವುದೇ ಇಲ್ಲ.

ಎಲ್ಲಕ್ಕಿಂತ ಕೊನೆಗೆ ಹಲಗೆಯನ್ನು ಮಗುಚಿ ಹಿಂಬದಿಯಲ್ಲೂ ಕೆತ್ತಿಸಬೇಕು. ಇಲ್ಲಿ ವಿ-ಕಾರ್ವ್, ಫಾಂಟು ಎರಡೂ ಧಾರಾಳವಾಗಿ ಬಳಸಬಹುದು. ಇದು ಪ್ರತಿಕೃತಿ ಎಂಬ ಪದ, ಮೂಲ ಕಲ್ಲು ಇರುವ ಜಾಗ, ಸ್ಕ್ಯಾನ್ ಮಾಡಿದ ದಿನ, ಕೆತ್ತಿದ ದಿನ, ಗಾತ್ರದ ಅನುಪಾತ, ಆಳವನ್ನು ಹೆಚ್ಚಿಸಿದ್ದರೆ ಎಷ್ಟು, ಬಳಸಿದ ಅತಿ ಚಿಕ್ಕ ಬಿಟ್ಟಿನ ತ್ರಿಜ್ಯ, ಏಣಿನ ಸಾಲು ಇರುವ ಜಾಗದ ಅರ್ಥ, ಇಷ್ಟು ಸಾಕು. ಮಾದರಿ ಕಟ್ಟಿದವರು ಯಾರು, ಯಂತ್ರ ನಡೆಸಿದವರು ಯಾರು ಎಂಬ ಎರಡು ಹೆಸರನ್ನೂ ಹಾಕಿಸಿ. ಬರೆದವನ ಹೆಸರು, ಕಂಡರಿಸಿದವನ ಹೆಸರು ಹಾಕುವ ಪದ್ಧತಿ ನಮ್ಮಲ್ಲಿ ಹೊಸದೇನಲ್ಲ.